ವಿಭೂತಿ ಹಚ್ಚಿದ ಲ್ಯಾಪ್‌ಟಾಪ್

ದೋಣಿಮಲೈ ಕ್ವಾರ್ಟರ್ಸ್‌ನಲ್ಲಿರುವ ತಂಗಿ ಫೋನಿನಲ್ಲಿ ಹೇಳಿದ್ದನ್ನು ನಾನು ನಂಬಲಿಲ್ಲ. ಆಯುಧಪೂಜೆಗೆಂದು ಲ್ಯಾಪ್‌ಟಾಪ್ ಒರೆಸಿದಳಂತೆ. ಹೊರಗೆ ಒರೆಸಿದರೆ ಸಾಲದು, ಒಳಗೂ ಸ್ವಚ್ಛವಾಗಲೆಂದು ಹಳೆಯ ಫೋಲ್ಡರುಗಳನ್ನು ಅಳಿಸಿ, ರಿಸೈಕಲ್ ಬಿನ್ನನ್ನೂ ಖಾಲಿ ಮಾಡಿದಳಂತೆ. ಅದರ ಜೊತೆ, ತೀರಿಕೊಂಡ ನಮ್ಮ ಅವ್ವ ಹಾಡಿದ್ದ ಬೀಸುವ ಪದಗಳ ರೆಕಾರ್ಡಿಂಗೂ ಹೋಯಿತಂತೆ. ಅವ್ವನ ದನಿ ಉಳಿದಿದ್ದು ಅಲ್ಲಿ ಮಾತ್ರ. ಕಾಪಿ ಕೊಡು ಎಂದಾಗಲೆಲ್ಲ 'ಮುಂದಿನ ಸಲ ಬಂದಾಗ ಒಯ್ಯಿ' ಅಂದವಳೂ ಇವಳೇ. ಅಳಿಸಿಹೋದದ್ದೋ, ಬೇಕೆಂದೇ ಅಳಿಸಿದ್ದೋ?

"ಅದನ್ನ ಮುಟ್ಟಬ್ಯಾಡ, ಬಂದ್ ಮಾಡಿಡು," ಎಂದೆ.

ಅಳಿಸಿದ ಫೈಲು ತಕ್ಷಣ ಹೋಗಿಬಿಡುವುದಿಲ್ಲ. ಅದರ ಜಾಗದಲ್ಲಿ ಹೊಸದೇನಾದರೂ ಬಂದು ಕೂತರೆ ಮುಗಿಯಿತು. ಹಾಗಾಗಿ ಆ ಲ್ಯಾಪ್‌ಟಾಪಿಗೆ ಏನನ್ನೂ ತುಂಬದೆ, ಪೆನ್‌ಡ್ರೈವಿನಿಂದಲೇ ನಡೆಯುವ ರಿಕವರಿ ಸಾಫ್ಟ್‌ವೇರನ್ನು ಹೊಸಪೇಟೆಯ ನಮ್ಮ ಮನೆಯಲ್ಲೇ ಇಳಿಸಿಕೊಂಡೆ. ಅದನ್ನು ಇಳಿಸುವ ವೆಬ್ ಪುಟದ ತುಂಬ ಡೌನ್‌ಲೋಡ್ ಎನ್ನುವ ಹಸಿರು ಗುಂಡಿಗಳು. ಎಲ್ಲವೂ ನನಗೆ ಕಳ್ಳರಂತೆಯೇ ಕಂಡವು.

ಬಸ್ಸಿನಲ್ಲಿ ಪೆನ್‌ಡ್ರೈವ್ ಇದ್ದ ಕಿಸೆ ಮುಟ್ಟಿ ಮುಟ್ಟಿ ನೋಡಿಕೊಳ್ಳುತ್ತ ತಂಗಿಯ ಮನೆಗೆ ಹೋದೆ. ಲ್ಯಾಪ್‌ಟಾಪಿನ ಮುಚ್ಚಳದ ಮೇಲೆ ವಿಭೂತಿ, ಕುಂಕುಮ ಹಾಗೇ ಇದ್ದವು. ಅತಿ ವಿನಯ ಧೂರ್ತ ಲಕ್ಷಣ ಅನ್ನುತ್ತಾರೆ. ಭಕ್ತಿಗೂ ಅದೇ ಲೆಕ್ಕ ಇರಬಹುದು ಅನ್ನಿಸಿತು.

"ನಿನ್ನ ಪೆನ್‌ಡ್ರೈವ್‌ನಾಗ ವೈರಸ್ ಗೈರಸ್ ಇಲ್ಲಲ್ಲ ಅಣ್ಣಾ?" ಎಂದಳು ತಂಗಿ. ಎಷ್ಟಾದರೂ ಒಂದೇ ತಾಯಿಯ ಮಕ್ಕಳು.

"ನೀ ಮಾಡಿದ್ದಕ್ಕಿಂತ ಹೆಚ್ಚಿಂದು ವೈರಸ್ ಏನ್ ಮಾಡ್ತೈತಿ?"

ಅವಳು ಚಹಾ ತಂದಿಟ್ಟಳು. ಅದನ್ನೂ ಮೂಸಿ ನೋಡಿಯೇ ಕುಡಿದೆ.

ಅಳಿಸಿದ ಫೈಲುಗಳನ್ನು ಹುಡುಕುವ ಸ್ಕ್ಯಾನ್ ಮುಗಿಯುವಷ್ಟರಲ್ಲಿ ಮಧ್ಯಾಹ್ನವಾಯಿತು. ಸಿಕ್ಕ ಫೈಲುಗಳಿಗೆ ಹೆಸರಿರಲಿಲ್ಲ, ಬರೀ ನಂಬರು. ಅವನ್ನು ಪೆನ್‌ಡ್ರೈವಿಗೇ ಇಳಿಸಿ ಒಂದೊಂದಾಗಿ ಒತ್ತಿದೆ. ಹಲವು ತೆರೆಯಲೇ ಇಲ್ಲ. ಕೊನೆಗೊಂದು ತೆರೆಯಿತು. ಅವ್ವ ಕೆಮ್ಮಿದಳು. ತಂಗಿ ಬಾಯಿಗೆ ಕೈ ಒತ್ತಿಕೊಂಡಳು.

ಬಂದದ್ದು ಹಾಡಲ್ಲ, ಹಾಡುವ ಮುಂಚೆ ಅವ್ವ ತಂಗಿಗೆ ಹೇಳಿದ ಮಾತು.

"ನಿಮ್ಮಣ್ಣ ಏನರ ಅಂದ್ರ ಮನಸಿಗೆ ಹಚ್ಚಿಕೋಬ್ಯಾಡ ಬೇ. ಅವಂದು ಭಾಳ ಅನುಮಾನದ ಜೀವ. ಸಣ್ಣಾವಿದ್ದಾಗ ನಾ ನೀರಿಗೆ ಹ್ವಾದ್ರ, ಅವ್ವ ತಿರುಗಿ ಬರ್ತಾಳೋ ಇಲ್ಲೋ ಅಂತ ಬಾಗಲದಾಗ ಕುಂತಿರ್ತಿದ್ದ."

ಪದ ಶುರುವಾಗುವಷ್ಟರಲ್ಲಿ ಫೈಲು ಮುಗಿಯಿತು. ತಂಗಿ ನನ್ನ ಮುಖ ನೋಡಲಿಲ್ಲ.

"ಇನ್ನೊಮ್ಮೆ ಹಚ್ಚು ಅಣ್ಣಾ."

ಹಚ್ಚಿದೆ. ಅವ್ವ ಮತ್ತೆ ಕೆಮ್ಮಿದಳು.