ಒಂದು ವರ್ಷ ಅಂತರದ ಅವಳಿಗಳು

ನಿಮ್ಮ ಬಲಗೈಯನ್ನು ನೆತ್ತಿಯ ಮೇಲಿಂದ ಹಾಯಿಸಿ ಎಡಗಿವಿಯನ್ನು ಮುಟ್ಟಿ ನೋಡಿ. ಮುಟ್ಟಿತೇ? ಹಾಗಾದರೆ ನಿಮಗೆ ಶಾಲೆಗೆ ಸೇರುವ ವಯಸ್ಸಾಗಿದೆ, ಸಂತೋಷ. ನಗಬೇಡಿ. ನಮ್ಮ ಕಡೆ ಮಕ್ಕಳ ವಯಸ್ಸನ್ನು ಅಳೆಯುವುದು ಹೀಗೆಯೇ. ಇವತ್ತು ಬೆಳಿಗ್ಗೆ ಬೀಳಗಿ ಕಡೆಯ ನಮ್ಮ ಶಾಲೆಯಲ್ಲಿ ಹೊಸ ಮಕ್ಕಳನ್ನು ಸೇರಿಸಿಕೊಳ್ಳುವ ಕೆಲಸವಿತ್ತು. ಬಗಲಲ್ಲಿ ಬರೆಯುವ ಪಾಟಿ ಇರುಕಿಕೊಂಡ ಮಕ್ಕಳು ಪಡಸಾಲೆಯಲ್ಲಿ ಸಾಲಾಗಿ ನಿಂತು, ನೆತ್ತಿಯ ಮೇಲೆ ಕೈ ಹಾಕಿ ತಮ್ಮ ತಮ್ಮ ಕಿವಿ ಹುಡುಕುತ್ತಿದ್ದವು. ತಾಯಂದಿರು ತಲೆಗೆ ಮೆತ್ತಿದ ಕುಸುಬೆ ಎಣ್ಣೆಯ ವಾಸನೆ ಇಡೀ ಪಡಸಾಲೆಗೆ ಹಬ್ಬಿತ್ತು. ಉಳಿದವರಿಗೆ ಆ ವಾಸನೆಯಿಂದ ಏನು ನೆನಪಾಗುತ್ತದೋ ತಿಳಿಯದು. ನನಗೆ ಮಾತ್ರ ಸಿಟ್ಟು ಬರುತ್ತದೆ.

"ಮುಟ್ಟಿತಲ್ಲ? ಬರಕೋರಿ ಮಾಸ್ತರ. ಆರು ವರ್ಷ, ಜೂನ್ ಒಂದು," ಎಂದು ಹೆಡ್‌ಮಾಸ್ತರರು ಪಕ್ಕದಲ್ಲಿ ಕುಳಿತು ಹೇಳುತ್ತಿದ್ದರು. ಜೂನ್ ಒಂದೇ ಏಕೆಂದರೆ ಶಾಲೆ ಶುರುವಾಗುವುದು ಜೂನಿನಲ್ಲಿ, ಲೆಕ್ಕಕ್ಕೆ ಸುಲಭ. ನನ್ನ ಮೂರನೆಯ ಇಯತ್ತೆಯ ಹಾಜರಿ ಪುಸ್ತಕದಲ್ಲಿ ಇಬ್ಬರನ್ನು ಬಿಟ್ಟರೆ ಎಲ್ಲರೂ ಜೂನ್ ಒಂದರಂದೇ ಹುಟ್ಟಿದವರು. ಪರಸ್ಥಳದವರು ನೋಡಿದರೆ, ಈ ಊರಿನ ಸೂಲಗಿತ್ತಿಗೆ ವರ್ಷದಲ್ಲಿ ಒಂದೇ ದಿನ ಕೆಲಸ, ಉಳಿದದ್ದೆಲ್ಲ ಸೂಟಿ ಎಂದುಕೊಂಡಾರು. ಆ ಇಬ್ಬರಲ್ಲಿ ಒಬ್ಬ ತಲಾಠಿಯ ಮಗ, ಇನ್ನೊಬ್ಬ ಪೋಸ್ಟ್ ಮಾಸ್ತರರ ಮಗ. ಸ್ವಂತದ್ದೊಂದು ಹುಟ್ಟಿದ ದಿನ ಬೇಕಾದರೆ ಮನೆಯಲ್ಲೊಬ್ಬರು ಸರಕಾರಿ ನೌಕರರಿರಬೇಕು ಎಂದಾಯಿತು.

ನನ್ನ ವಿಷಯವನ್ನೂ ಒಂದಿಷ್ಟು ಹೇಳಿಬಿಡುತ್ತೇನೆ. ನಾನು ದಿನಚರಿ ಬರೆಯುವವನು. ಇಂದು ಯಾವ ವಾರ, ಯಾವ ತಿಥಿ, ಜಮಖಂಡಿ ಬಸ್ಸು ಎಷ್ಟು ತಡವಾಗಿ ಬಂತು, ಯಾರ ಮನೆಯಲ್ಲಿ ಕೂಸು ಹುಟ್ಟಿತು, ಎಲ್ಲವನ್ನೂ ಬರೆದಿಡುತ್ತೇನೆ. ಹಳೆಯ ಪಂಚಾಂಗಗಳನ್ನು ರದ್ದಿಗೆ ಹಾಕದೆ ಟ್ರಂಕಿನಲ್ಲಿ ಕೂಡಿಟ್ಟಿದ್ದೇನೆ. ಜೊತೆಯ ಮಾಸ್ತರರು ನನ್ನನ್ನು ಕರೆಯುವುದೇ "ಪಂಚಾಂಗ" ಎಂದು. "ಏ ಪಂಚಾಂಗ, ನಿನ್ನಿ ನಾ ಎಷ್ಟ ಸಲ ಸೀನಿದ್ನಿ, ನೋಡಿ ಹೇಳು," ಎಂದು ಕಾಡಿಸುತ್ತಾರೆ. ಹೇಳಬಲ್ಲೆನೆಂಬುದು ನನಗೂ ನಾಚಿಕೆಯ ಸಂಗತಿಯೇ. ಆದರೆ ಈ ಚಟ ಹುಟ್ಟಿನಿಂದ ಬಂದದ್ದಲ್ಲ. ತಪ್ಪಾಗಿ ಬರೆದ ಒಂದು ತಾರೀಖು ನನ್ನ ತಂಗಿಯನ್ನು ಏನು ಮಾಡಿತೆಂದು ನೋಡಿದ ಮೇಲೆ ಹತ್ತಿದ್ದು.

ತಂಗಿ ಎಂದರೆ ನೀಲವ್ವ. ನಾವಿಬ್ಬರೂ ಅವಳಿ, ಬನಹಟ್ಟಿಯ ನೇಕಾರರ ಮನೆಯವರು. ಅವ್ವ ನಮ್ಮ ಹುಟ್ಟನ್ನು ಹೇಳುವುದು ಹೀಗೆ: "ಎಳ್ಳ ಅಮಾಸಿ ಮರುದಿನ. ಸೂರ್ಯಾ ಏರೂದರಾಗ ನೀ ಬಂದಿ, ಏರಿದ ಮ್ಯಾಲ ಅಕಿ ಬಂದ್ಲು." ಅಷ್ಟು ಅಂತರಕ್ಕೆ ನಾನು ಅಣ್ಣ. ನೀಲವ್ವ ನನ್ನನ್ನು "ಲೇ ಅಣ್ಣಾ" ಎನ್ನುತ್ತಿದ್ದಳು. ಅಣ್ಣ ಎಂಬ ಮರ್ಯಾದೆ ಕೊಟ್ಟಂತೆಯೂ ಆಯಿತು, ಮುಂದೆ ಒಂದು ಲೇ ಇಟ್ಟು ಅದನ್ನು ವಾಪಸು ಪಡೆದಂತೆಯೂ ಆಯಿತು.

ನಮ್ಮನ್ನು ಶಾಲೆಗೆ ಹಾಕಲು ಅಪ್ಪ ಇಬ್ಬರನ್ನೂ ಒಟ್ಟಿಗೇ ಕರೆದೊಯ್ದಿದ್ದ. ಆಗಿನ್ನೂ ಸಂಸ್ಥಾನದ ಆಳ್ವಿಕೆ. ಮಾಸ್ತರರು ಕಿವಿ ಮುಟ್ಟಿಸಿದರು. ನೀಲವ್ವನ ಬೆರಳು ನನಗಿಂತ ಮೊದಲೇ ಕಿವಿ ಮುಟ್ಟಿತು. ಅವಳು ಆಗಲೂ ನನಗಿಂತ ಉದ್ದ. ಅಷ್ಟರಲ್ಲಿ ಅಪ್ಪನಿಗೆ ಮನೆಯ ಮಗ್ಗ ನೆನಪಾಯಿತು. ನೇಯುವವನು ಮಗ್ಗದ ಕುಣಿಯಲ್ಲಿ ಕುಳಿತರೆ ಸಾಲದು, ಲಾಳಿಗೆ ಹಾಕುವ ನೂಲಿನ ಕಂಡಿಕೆಗಳನ್ನು ಯಾರಾದರೂ ಸುತ್ತಿ ಕೊಡುತ್ತಲೇ ಇರಬೇಕು. ಆ ವರ್ಷ ಅವ್ವನಿಗೆ ಮೈಯಲ್ಲಿ ಹುಷಾರಿರಲಿಲ್ಲ. "ಹುಡಗಿ ಮುಂದಿನ ವರ್ಷ ಬರ್ತಾಳ್ರಿ. ಕಂಡಿಕಿ ಸುತ್ತಾಕ ಮಂದಿ ಇಲ್ಲ," ಎಂದ ಅಪ್ಪ. ನಾನು ಒಳಗೆ ಹೋದೆ, ಅವಳು ಮನೆಗೆ ಹೋದಳು.

ಮುಂದಿನ ಜೂನಿನಲ್ಲಿ ಅವಳು ಬಂದಾಗ ಮಾಸ್ತರರು ಮತ್ತೆ ಕಿವಿ ಮುಟ್ಟಿಸಿ, ಆರು ವರ್ಷ, ಜೂನ್ ಒಂದು ಎಂದು ಬರೆದರು. ನನಗೂ ಹಿಂದಿನ ವರ್ಷ ಹಾಗೆಯೇ ಬರೆದಿದ್ದರು. ಯಾರೂ ತಾಳೆ ನೋಡಲಿಲ್ಲ. ಹೀಗೆ ನನ್ನ ತಂಗಿ ಒಂದು ವರ್ಷ ಕಂಡಿಕೆ ಸುತ್ತಿದಳು, ಶಾಲೆ ಮಾತ್ರ ಆ ವರ್ಷ ಅವಳು ಹುಟ್ಟಿರಲೇ ಇಲ್ಲವೆಂದು ಬರೆದುಕೊಂಡಿತು.

ನೀಲವ್ವ ಓದಿನಲ್ಲಿ ಗಾಳಿ. ಎರಡನೆಯ ಇಯತ್ತೆಯಿಂದ ನಾಲ್ಕನೆಯದಕ್ಕೆ ಹಾರಿ ನನ್ನ ಪಕ್ಕ ಬಂದು ಕುಳಿತಳು. ಏಳನೆಯ ಇಯತ್ತೆಯ ಮುಲ್ಕಿ ಪರೀಕ್ಷೆಯಲ್ಲಿ ಇಬ್ಬರೂ ಪಾಸಾದೆವು, ಅವಳು ಮೇಲಿನ ಅಂಕದಲ್ಲಿ, ನಾನು ದೇವರ ದಯೆಯಲ್ಲಿ. ಅದೇ ಸುಮಾರಿಗೆ ಸಂಸ್ಥಾನಗಳು ಹೋಗಿ ಮುಂಬಯಿ ಸರಕಾರ ಬಂತು. ಧ್ವಜ ಬದಲಾಯಿತು, ಮೊಹರು ಬದಲಾಯಿತು. ರಾಜರೇ ಹೋದರು, ಜೂನ್ ಒಂದು ಮಾತ್ರ ಕದಲಲಿಲ್ಲ.

ಮುಲ್ಕಿಯಾದವರು ಮಾಸ್ತರಿಕೆಯ ಟ್ರೇನಿಂಗಿಗೆ ಹೋಗಬಹುದಿತ್ತು, ಆದರೆ ಹದಿನೇಳು ತುಂಬಿರಬೇಕು. ಆ ವಯಸ್ಸಿಗಾಗಿ ನಾವು ಮನೆಯಲ್ಲಿ ನಾಲ್ಕು ವರ್ಷ ಕಾದೆವು, ಹಣ್ಣಾಗಲೆಂದು ಹುಲ್ಲಿನಲ್ಲಿ ಮುಚ್ಚಿಟ್ಟ ಬಾಳೆಗೊನೆಯ ಹಾಗೆ. ಅವಳು ಓಣಿಯ ಹುಡುಗಿಯರನ್ನು ಕೂಡಿಸಿಕೊಂಡು ಅಕ್ಷರ ಕಲಿಸುತ್ತಿದ್ದಳು. ಕೈ ಕಂಡಿಕೆ ಸುತ್ತುತ್ತಿದ್ದರೆ ಬಾಯಿ ಮಗ್ಗಿ ಹೇಳಿಸುತ್ತಿತ್ತು. ಅಷ್ಟರಲ್ಲಿ ಬೀಳಗಿಯಿಂದ ಒಂದು ಸಂಬಂಧ ಕೇಳಿಕೊಂಡು ಬಂತು. ಅಪ್ಪ ಒಂದು ತೀರ್ಮಾನ ಹೇಳಿದ: "ಈ ವರ್ಷ ಸೀಟ್ ಸಿಕ್ರ ಕಲಿಯಾಕ ಹೋಗು. ಸಿಗಲಿಲ್ಲಂದ್ರ ಬೀಳಗಿಗೆ ಹೋಗು. ನಡುವ ಮನ್ಯಾಗ ಕುಂಡ್ರೂ ಮಾತ ಇಲ್ಲ."

ಅಪ್ಪನ ಮಟ್ಟಿಗೆ ಅದು ದೊಡ್ಡ ಉದಾರತೆ. ನೀಲವ್ವ ಅಂದೇ ಅರ್ಜಿ ಬರೆದಳು, ನನ್ನದನ್ನೂ ಅವಳೇ ಬರೆದಳು. ತಿಂಗಳಾದ ಮೇಲೆ ಉತ್ತರ ಬಂತು. ನನಗೆ ಸೀಟು. ಅವಳದು, ಹದಿನೇಳು ತುಂಬಲು ಇನ್ನೂ ಒಂದು ವರ್ಷ ಇರುವುದರಿಂದ, ನಾಮಂಜೂರು.

ಅವಳು ಆ ಕಾಗದವನ್ನು ಎರಡು ಸಲ ಓದಿ ನಕ್ಕಳು. "ಲೇ ಅಣ್ಣಾ, ಅವ್ವ ನಿನ್ನ ಹಡದು ಒಂದ ವರ್ಷ ದಮ್ ತಗೊಂಡು ನನ್ನ ಹಡದಾಳಂತ."

ತಿದ್ದಿಸಲು ಸುಲಭ ಎಂದುಕೊಂಡೆವು. ಅವ್ವನನ್ನು ಕರೆದುಕೊಂಡು ಇಬ್ಬರೂ ಜಮಖಂಡಿಗೆ ಹೋದೆವು. ಕಚೇರಿಯಲ್ಲಿ ಒಬ್ಬ ಕಾರಕೂನರು ವೀಳ್ಯದೆಲೆಯ ನಾರು ತೆಗೆಯುತ್ತ ಕುಳಿತಿದ್ದರು. ಇಬ್ಬರ ಶಾಲೆಯ ದಾಖಲೆಗಳನ್ನೂ ಮುಂದಿಟ್ಟೆ.

"ಇಬ್ಬರೂ ಅವಳಿ ಅದೀವ್ರಿ. ಇಕಿದು ಒಂದ ವರ್ಷ ತಪ್ಪಿ ಬರದಾರ."

ಅವರು ಎರಡೂ ಕಾಗದ ನೋಡಿದರು. "ಇದು ಒಂದ ವರ್ಷ. ಇದು ಇನ್ನೊಂದ ವರ್ಷ. ಅವಳಿ ಹೆಂಗ ಆಕ್ಕೀರಿ?"

"ಅದನ್ನ ಹೇಳಾಕ ಬಂದೀವ್ರಿ."

"ಕಾಗದದಾಗ ನೀವು ಅವಳಿ ಅಲ್ಲ ತಮ್ಮಾ."

ಅವ್ವ ಮುಂದೆ ಬಂದಳು. "ಹಡದಾಕಿ ನಾನ ನಿಂತೀನಲ್ಲರಿ ಇಲ್ಲೆ! ಎಳ್ಳ ಅಮಾಸಿ ಮರುದಿನ..."

"ಅಮಾಸಿ ನಡ್ಯಾಂಗಿಲ್ಲವ್ವಾ. ತಾರೀಖ ಬೇಕು. ಪ್ರತಿಜ್ಞಾಪತ್ರ ಬರದ ಕೊಡ್ರಿ, ನೋಡೂಣು."

"ನಾ ಬರದ ಕೊಡ್ತೀನ್ರಿ," ಎಂದಳು ನೀಲವ್ವ.

"ನೀ ಹೆಂಗ ಕೊಡ್ತಿ? ನಿನಗ ಹದಿನೆಂಟ ಎಲ್ಲಿ ತುಂಬ್ಯಾವ? ನೀ ಅಜ್ಞಾನ. ತಂದಿ ಸಹಿ ತಗೊಂಡ ಬಾ."

ಕಾಯ್ದೆಯ ಭಾಷೆಯಲ್ಲಿ ಹದಿನೆಂಟು ತುಂಬದವರಿಗೆ ಅಜ್ಞಾನರು ಎನ್ನುತ್ತಾರೆ. ಓಣಿಗೆಲ್ಲ ಅಕ್ಷರ ಕಲಿಸಿದವಳು ಅದನ್ನು ಕೇಳಿಸಿಕೊಂಡು ಕಾಗದಗಳನ್ನು ಮಡಿಚಿಕೊಂಡಳು. ತನಗೆ ವಯಸ್ಸಾಗಿದೆ ಎಂದು ಹೇಳುವುದಕ್ಕೂ ಅವಳಿಗೆ ವಯಸ್ಸಾಗಿರಲಿಲ್ಲ.

ಅಪ್ಪ ಸಹಿ ಹಾಕಲಿಲ್ಲ. ಕೆಟ್ಟ ಮನುಷ್ಯನಾಗಿದ್ದರೆ ಬೈದು ಮುಗಿಸಬಹುದಿತ್ತು, ಆದರೆ ಅವನು ಹೆದರಿಕೆಯ ಮನುಷ್ಯ. "ಸಾಲ್ಯಾಗ ಸುಳ್ಳ ತಾರೀಖ ಬರಿಸೀನಿ ಅಂತ ನಾನ ಸರಕಾರಕ್ಕ ಬರದ ಕೊಡ್ಲ್ಯಾ? ನಾಳೆ ಬಂದ ನನ್ನ ಹಿಡಕೊಂಡ ಹೋದ್ರ?"

"ನೀ ಬರಿಸಿಲ್ಲಪ್ಪಾ, ಮಾಸ್ತರ ಬರದಾರ," ಎಂದಳು ನೀಲವ್ವ.

"ಯಾರರ ಬರೀಲಿ. ನನ್ನ ಸಹಿ ಒಂದ ಬ್ಯಾಡ."

ನಾನು ಕೂಗಾಡಿದೆ. ನನ್ನನ್ನೂ ಅಪ್ಪ ಅಜ್ಞಾನ ಎಂದ. ಕಾಯ್ದೆಯ ಪ್ರಕಾರ ಅದೂ ಸರಿಯೇ ಇತ್ತು.

ಆಮೇಲೆ ಟ್ರೇನಿಂಗಿನ ಊರಿನ ವಾಚನಾಲಯದಲ್ಲಿ ಕಾಯ್ದೆಯ ಪುಸ್ತಕ ಹುಡುಕಿ ಓದಿದ್ದೇನೆ. ಹೆಣ್ಣಿಗೆ ಹದಿನೈದು ತುಂಬಿದರೆ ಲಗ್ನ ಮಾಡಬಹುದು. ಗಂಡಿಗೆ ಹದಿನೆಂಟು ತುಂಬಬೇಕು. ಸಹಿಗೆ ಹದಿನೆಂಟು, ಮತಕ್ಕೆ ಇಪ್ಪತ್ತೊಂದು. ಇವನ್ನೆಲ್ಲ ದಿನಚರಿಯ ಒಂದು ಹಾಳೆಯಲ್ಲಿ ಸಾಲಾಗಿ ಬರೆದು ನೋಡಿದೆ. ಆ ಒಂದೇ ಬೇಸಿಗೆಯಲ್ಲಿ, ಒಂದೇ ಹೊಟ್ಟೆಯಿಂದ ಒಂದೇ ಬೆಳಗಿನಲ್ಲಿ ಬಂದ ನಾವಿಬ್ಬರು ಏನೇನಾಗಿದ್ದೆವು! ಕಲಿಯುವುದಕ್ಕೆ ನಾನು ದೊಡ್ಡವನು, ಅವಳು ಚಿಕ್ಕವಳು. ಲಗ್ನಕ್ಕೆ ನಾನು ಚಿಕ್ಕವನು, ಅವಳು ದೊಡ್ಡವಳು. ಬೇಡ ಎನ್ನುವುದಕ್ಕೆ ಅವಳು ಎಂದೂ ದೊಡ್ಡವಳಲ್ಲ. ಎಳೆಯರನ್ನು ಕಾಯಲೆಂದು ಈ ವಯಸ್ಸುಗಳನ್ನು ಇಟ್ಟಿದ್ದಾರೆ ಎನ್ನುತ್ತಾರೆ, ಇರಬಹುದು. ನನ್ನ ತಂಗಿಯ ಪಾಲಿಗೆ ಅವು ಒಂದು ಬಾಗಿಲಿಗೆ ಬೀಗ ಹಾಕಿ, ಇನ್ನೊಂದು ಬಾಗಿಲನ್ನು ಹಾರು ಹೊಡೆದು ತೆರೆದಿಟ್ಟವು. ಅದನ್ನು ಬರೆಯುವಾಗ ನಿಬ್ಬು ಕಾಗದ ಹರಿದಿತ್ತು. ಆ ಹಾಳೆ ಈಗಲೂ ಹಾಗೆಯೇ ಇದೆ.

ಬೀಳಗಿಯವರು ಮಾತುಕತೆಗೆ ಬಂದ ದಿನದ್ದು ಒಂದು ಮಾತಿದೆ, ಅದನ್ನು ಹೇಳದಿದ್ದರೆ ನನ್ನ ಸಿಟ್ಟು ನಿಮಗೆ ಪೂರ್ತಿ ತಿಳಿಯದು. ಹುಡುಗನ ಕಡೆಯ ಹಿರಿಯರೊಬ್ಬರು ಅವಲಕ್ಕಿ ಬಾಯಿಗೆ ಹಾಕಿಕೊಳ್ಳುತ್ತ ಕೇಳಿದರು: "ಹುಡಗಿಗೆ ಎಷ್ಟ್ರಿ? ನಮ್ಮದು ದೊಡ್ಡ ಮನಿ, ಕೆಲಸ ಭಾಳ. ಭಾಳ ಸಣ್ಣಾಕಿ ಆದ್ರ ಕಷ್ಟ ಆಕ್ಕೈತಿ."

ಅಪ್ಪ ಒಂದು ಕ್ಷಣವೂ ತಡೆಯಲಿಲ್ಲ. "ಹದಿನೇಳ ತುಂಬಿ ಮೂರ ತಿಂಗಳ ಆತ್ರಿ. ಎಳ್ಳ ಅಮಾಸಿ ಮರುದಿನ ಹುಟ್ಟಿದಾಕಿ."

ನೀಲವ್ವ ಒಳಗಿನ ಬಾಗಿಲ ಹಿಂದೆ ಕಂಡಿಕೆಯ ರಾಟೆಯ ಮುಂದೆ ಕುಳಿತಿದ್ದಳು. ತಿರುಗುತ್ತಿದ್ದ ರಾಟೆ ನಿಂತಿತು. ನನ್ನನ್ನು ನೋಡಿದಳು. ಆಗಲೂ ನಕ್ಕಳೆಂದು ಬರೆದರೆ ಚೆಂದ ಕಾಣುತ್ತದೆ, ಆದರೆ ನಗಲಿಲ್ಲ. ಮತ್ತೆ ರಾಟೆ ತಿರುಗಿಸಿದಳು. ಕಾರಹುಣ್ಣಿಮೆಗೆ ಮೊದಲೇ ಲಗ್ನವಾಯಿತು. ಜೂನಿನಲ್ಲಿ ನಾನೊಬ್ಬನೇ ಟ್ರೇನಿಂಗಿಗೆ ಹೋದೆ.

ನೋಡಿ, ಕಿವಿ ಮುಟ್ಟುವ ಮಕ್ಕಳಿಂದ ಶುರು ಮಾಡಿ ಎಲ್ಲಿಗೋ ಬಂದೆ. ಇವತ್ತು ಬೆಳಿಗ್ಗೆಯ ಸಾಲಿನಲ್ಲಿ ಕೊನೆಗೆ ನಿಂತಿದ್ದವಳು ನೀಲವ್ವನೇ. ನಾನು ಈ ಶಾಲೆಗೆ ವರ್ಗವಾಗಿ ಬಂದದ್ದು ಹೋದ ವರ್ಷ. ಅವಳ ಗಂಡನ ಮನೆ ಇಲ್ಲಿಂದ ದೂರವಿಲ್ಲ. ಮಗಳು ಕಸ್ತೂರಿಯ ಕೈ ಹಿಡಿದುಕೊಂಡು ಬಂದಿದ್ದಳು. ಈ ವರ್ಷ ಶಾಲೆ ಬೇಡ, ಮನೆಯಲ್ಲಿ ಸಣ್ಣ ಕೂಸನ್ನು ಆಡಿಸಲು ಯಾರೂ ಇಲ್ಲ ಎಂದು ಅತ್ತೆ ಹೇಳಿದ್ದು ನನಗೆ ಗೊತ್ತಿತ್ತು.

"ಮನ್ಯಾಗ ಕೇಳಿ ಬಂದಿಯೇನು?" ಎಂದೆ ಮೆಲ್ಲಗೆ.

"ಕೇಳಿಲ್ಲ. ಹೇಳಿ ಬಂದೀನಿ."

ಕಸ್ತೂರಿ ತಾಯಿಯ ಹಾಗಲ್ಲ, ಗಿಡ್ಡ ಹುಡುಗಿ. ನೆತ್ತಿಯ ಮೇಲಿನ ಕೈ ಎಷ್ಟು ಎಳೆದರೂ ಕಿವಿಗೆ ನಾಲ್ಕು ಬೆರಳು ಕಡಿಮೆ ಬೀಳುತ್ತಿತ್ತು. ಹೆಡ್‌ಮಾಸ್ತರರು ನೋಡಿ, "ಇಲ್ಲವ್ವಾ, ಮುಂದಿನ ವರ್ಷ ಕರಕೊಂಡ ಬಾ," ಎಂದರು.

"ಐದ ತುಂಬಿದವ್ರನ್ನ ತಗೋಬೇಕು ಅಂತ ಐತೆಲ್ರಿ ನೇಮ? ಇಕಿ ಮಾರ್ಚ್ ಎರಡು, ಶುಕ್ರವಾರ ಹುಟ್ಟಿದಾಕಿ. ಐದ ತುಂಬಿ ಮೂರ ತಿಂಗಳ ಆತು."

"ಕಿವಿ ಮುಟ್ಟಬೇಕಲ್ಲವ್ವಾ."

"ಕಿವಿ ಏನ ಹೇಳ್ತೈತ್ರಿ? ಹಡದಾಕಿ ನಾ ಹೇಳಾಕತ್ತೀನಿ."

ನಾನು ಹೆಡ್‌ಮಾಸ್ತರರನ್ನು ಕೇಳಲಿಲ್ಲ. ಮಾರ್ಚ್ ಎರಡು ಎಂದು ಬರೆದೆ. ಅವರು ಕನ್ನಡಕ ಸರಿಮಾಡಿಕೊಂಡು ನನ್ನತ್ತ ನೋಡಿ, ತಂಗಿಯೆಂದು ತಿಳಿದು, ಬೇರೆ ದಾರಿ ಹಿಡಿದರು. "ಆತು. ಆದ್ರ ಯಜಮಾನರ ಸಹಿ ಬೇಕಲ್ಲ? ಅವರನ್ನ ಕಳಸವ್ವಾ."

ನೀಲವ್ವ ಪುಸ್ತಕವನ್ನು ತನ್ನ ಕಡೆ ತಿರುಗಿಸಿಕೊಂಡಳು. ಆ ಅಂಕಣದ ಮೇಲೆ "ತಂದೆ ಅಥವಾ ಪಾಲಕರ ಸಹಿ" ಎಂದು ಅಚ್ಚಾಗಿತ್ತು. ಅಥವಾದ ಮೇಲೆ ಬೆರಳಿಟ್ಟಳು.

"ನನಗ ಇಪ್ಪತ್ತೊಂದ ತುಂಬ್ಯಾವ್ರಿ. ನಾ ಹುಟ್ಟಿದ ದಿನಾ ಹಿಡದ್ರೂ ತುಂಬ್ಯಾವ, ನಿಮ್ಮ ಜೂನ್ ಒಂದು ಹಿಡದ್ರೂ ತುಂಬ್ಯಾವ. ಈಗರ ಸಹಿ ಮಾಡ್ಲ್ಯಾ, ಇಲ್ಲಾ ಇನ್ನೂ ಅಜ್ಞಾನ ಅದೀನೇನು?"

ನಾನು ಟಾಕನ್ನು ಶಾಯಿಯಲ್ಲಿ ಅದ್ದಿ ಕೊಟ್ಟೆ. ಅವಳು ತನ್ನ ಪೂರ್ತಿ ಹೆಸರನ್ನು, ಒಂದಕ್ಷರವನ್ನೂ ನುಂಗದೆ, ಅಂಕಣದ ಗೆರೆ ದಾಟುವಷ್ಟು ದೊಡ್ಡದಾಗಿ ಬರೆದಳು. ಕಸ್ತೂರಿ ಇನ್ನೂ ನೆತ್ತಿಯ ಮೇಲೆ ಕೈಯಿಟ್ಟುಕೊಂಡು, ತುಟಿ ಕಚ್ಚಿ, ಕಿವಿಗೆ ಬೆರಳು ಎಟುಕಿಸಲು ಹೆಣಗುತ್ತಿದ್ದಳು.

"ಕೈ ಇಳಸ ಬೇ," ಎಂದಳು ತಾಯಿ. "ಒಳಗ ಹೋಗು."

ಕಸ್ತೂರಿ ಒಳಗೆ ಹೋದ ಮೇಲೆ ನಾನು ಬೆಳಗಿನಿಂದ ಬರೆದದ್ದನ್ನೆಲ್ಲ ಮತ್ತೆ ತೆರೆದೆ. ಕೊನೆಯ ಸಾಲಿನ ಶಾಯಿ ಇನ್ನೂ ಹಸಿಯಾಗಿತ್ತು. ಮಕ್ಕಳನ್ನು ಕರೆತಂದ ತಾಯಂದಿರು ಅಂಗಳದ ಗಿಡದ ಕೆಳಗೆ ಇನ್ನೂ ಕುಳಿತಿದ್ದರು. ಒಬ್ಬೊಬ್ಬರನ್ನೇ ವಾಪಸು ಕರೆದೆ. ಮೊದಲು ಬಂದವಳು ಸೆರಗು ಬಾಯಿಗಿಟ್ಟುಕೊಂಡು, "ತಾರೀಖ ನನಗೇನ ಗೊತ್ರಿ? ಹೋಳಿ ಹುಣ್ಣಿಮಿ ಆಗಿ ಎರಡ ದಿನಕ್ಕ ಹಡದೀನಿ," ಎಂದಳು. ಯಾವ ಹುಡುಗನನ್ನೂ ಕಳಿಸದೆ ನಾನೇ ನನ್ನ ಕೋಣೆಗೆ ಹೋಗಿ ಟ್ರಂಕಿನಿಂದ ಹಳೆಯ ಪಂಚಾಂಗಗಳನ್ನು ತಂದೆ.

"ಹಿಂಗ ಒಬ್ಬೊಬ್ಬರನ್ನ ಕೇಳಿಕೋತ ಕುಂತ್ರ ಸಂಜಿ ಆಕ್ಕೈತ್ರಿ ಮಾಸ್ತರ," ಎಂದರು ಹೆಡ್‌ಮಾಸ್ತರರು.

"ಆಗ್ಲಿ ಬಿಡ್ರಿ," ಎಂದು ಜೂನ್ ಒಂದರ ಮೇಲೆ ಗೆರೆ ಎಳೆದೆ.