ಒಂಬತ್ತರಿಂದ ಐವತ್ತೆರಡಕ್ಕೆ

ಜಯಮಾಲಾ ಅವರನ್ನು ನಾವೆಲ್ಲ ಜಯಕ್ಕ ಅನ್ನುತ್ತಿದ್ದೆವು. ಧಾರವಾಡದ ನಮ್ಮ ಆಫೀಸಿನಲ್ಲಿ ಪ್ರಥಮ ದರ್ಜೆ ಸಹಾಯಕಿ. ರಾಯಾಪುರದಿಂದ ಬಸ್ಸಿನಲ್ಲಿ ನಿಂತೇ ಬಂದರೂ ಹತ್ತಕ್ಕೆ ಐದು ನಿಮಿಷ ಇರುವಾಗಲೇ ಕುರ್ಚಿಯಲ್ಲಿರುತ್ತಿದ್ದರು. ಮೂವತ್ತಮೂರು ವರ್ಷದ ನೌಕರಿಯಲ್ಲಿ ಯಾರ ಮುಲಾಜಿಗೂ ಬಿದ್ದವರಲ್ಲ. ತಪ್ಪು ಟಿಪ್ಪಣಿ ಬರೆದವರು ಸಾಹೇಬರೇ ಆಗಿರಲಿ, ಫೈಲು ವಾಪಸ್! ಪಕ್ಕದ ಮೇಜಿನ ನಾನು, ಕ್ಯಾಥರೀನ್, ಅವರ ಕೈಯಲ್ಲಿ ಬೈಸಿಕೊಂಡೇ ಕೆಲಸ ಕಲಿತವಳು.

ನಿವೃತ್ತಿಗೆ ಹತ್ತು ತಿಂಗಳಿತ್ತು. ಬಡ್ತಿಗೆ ನೋಡುವ ಜ್ಯೇಷ್ಠತಾ ಪಟ್ಟಿಯಲ್ಲಿ ಅವರದು ಒಂಬತ್ತನೇ ಹೆಸರು, ಖಾಲಿ ಇದ್ದದ್ದು ಹತ್ತು ಅಧೀಕ್ಷಕರ ಹುದ್ದೆ. ಅವರ ಮನೆತನದಲ್ಲಿ ಅಷ್ಟು ಮೇಲೆ ಹೋದವರೇ ಇರಲಿಲ್ಲ.

"ಒಂದ ದಿನ ಆದ್ರೂ ಆ ಕುರ್ಚಿ ಮ್ಯಾಲ ಕುಂತು ರಿಟೈರ್ ಆಗಾಕಿ ನಾ," ಅನ್ನುತ್ತಿದ್ದರು. "ನಮ್ಮವ್ವ ಕಣ್ಣಾರೆ ನೋಡಬೇಕು."

ಅಂತಿಮ ಪಟ್ಟಿಯನ್ನು ಜವಾನ ಹುಲಗೇಶ ತಂದಿಟ್ಟ. ಜಯಕ್ಕ ಒಂಬತ್ತರ ಮೇಲೆ ಬೆರಳಿಟ್ಟರು. ಅಲ್ಲಿ ಬೇರೆಯವರ ಹೆಸರು. ಬೆರಳು ಇಳಿಯಿತು, ಪುಟ ತಿರುಗಿತು. ಐವತ್ತೆರಡು! ಷರಾದಲ್ಲಿ 'ಸ್ವಂತ ಕೋರಿಕೆಯ ವರ್ಗಾವಣೆ' ಎಂದಿತ್ತು. ತಾವೇ ಕೇಳಿಕೊಂಡು ವರ್ಗವಾದವರ ಹೆಸರು ಪಟ್ಟಿಯ ತಳಕ್ಕೆ ಹೋಗುತ್ತದೆ, ಅದು ನಿಯಮ. ಆದರೆ ಹನ್ನೆರಡು ವರ್ಷದ ಹಿಂದೆ ಇವರನ್ನು ಇಲ್ಲಿಗೆ ಹಾಕಿದ್ದು ಸರ್ಕಾರವೇ. ಒಂದು ಮಾತು ಕೇಳದೆ ನಲವತ್ತಮೂರು ಮೆಟ್ಟಿಲು ಕೆಳಗೆ ನೂಕುವುದೆಂದರೇನು? ನನಗೆ ಮೈಯೆಲ್ಲ ಉರಿಯಿತು.

ಜಯಕ್ಕ ಮನವಿ ಬರೆದರು. ಉತ್ತರ ಎರಡೇ ಸಾಲು: ಕರಡು ಪಟ್ಟಿ ನೋಡಿ ಸಹಿ ಮಾಡಿದ್ದೀರಿ, ಹದಿನೈದು ದಿನದೊಳಗೆ ಆಕ್ಷೇಪಣೆ ಸಲ್ಲಿಸಿಲ್ಲ. ಸಹಿಯ ಜೆರಾಕ್ಸ್ ಲಗತ್ತಿಸಿದ್ದರು. ಅದನ್ನು ಕಣ್ಣಿಗೆ ಹತ್ತಿರ ಹಿಡಿದು ನೋಡಿದೆ. ಹೆಸರು ಅವರದು, ಅಕ್ಷರ ನನ್ನದು.

ಕರಡು ಪಟ್ಟಿ ಬಂದ ವಾರ ಅವರು ಅವ್ವನ ಕಣ್ಣಿನ ಆಪರೇಶನ್ನಿಗೆಂದು ರಜೆಯಲ್ಲಿದ್ದರು. ರಜೆಯಲ್ಲಿದ್ದವರ ಸಹಿಯನ್ನು ಪಕ್ಕದವರು ಹಾಕಿಬಿಡುವುದು ನಮ್ಮಲ್ಲಿ ನಡೆದುಬಂದ ರೂಢಿ. ಧ್ವಜಾರೋಹಣಕ್ಕೆ ತಪ್ಪದೆ ಬನ್ನಿ ಅನ್ನುವ ಸುತ್ತೋಲೆ, ನೀರಿನ ಟಾಕಿ ತೊಳೆಸುವ ಸುತ್ತೋಲೆ, ಯಾವುದಾದರೇನು, ಓದುವವರು ಯಾರು? ನಾನೂ ಓದದೆ ಗೀಚಿ ಹುಲಗೇಶನನ್ನು ಸಾಗಹಾಕಿದ್ದೆ. ಮೇಲಾಗಿ ಉಪಕಾರ ಮಾಡಿದೆ ಅಂದುಕೊಂಡಿದ್ದೆ.

ಬಾಯಿಬಿಟ್ಟರೆ ನೌಕರಿಗೇ ಸಂಚಕಾರ. ಸುಮ್ಮನಿದ್ದೆ. ಇವತ್ತಿಗೂ ಅದಕ್ಕೆ ನನಗೆ ನಾಚಿಕೆಯಾಗುತ್ತದೆ.

ಜಯಕ್ಕ ಬಿಡುವವರಲ್ಲ. ಮತ್ತೆ ಮತ್ತೆ ಬರೆದ ಮೇಲೆ, ಎರಡು ತಿಂಗಳಿಗೆ ಮೇಲಿನ ಸಾಹೇಬರ ಮುಂದೆ ವಿಚಾರಣೆ ಸಿಕ್ಕಿತು. "ನನ್ನ ಜೋಡಿ ಬಾ," ಎಂದು ನನ್ನನ್ನೂ ಕರೆದೊಯ್ದರು.

ಸಾಹೇಬರು ಹಾಳೆ ಮುಂದೆ ಸರಿಸಿದರು. "ಈ ಸಹಿ ನಿಮ್ಮದ ಏನ್ರಿ?"

"ಅಲ್ಲರಿ ಸರ್."

"ಮತ್ತ ಯಾರದು?"

"ಹಾಕಿದವರು ಹೇಳಬೇಕ್ರಿ."

ಜಯಕ್ಕ ನನ್ನ ಕಡೆ ತಿರುಗಿಯೂ ನೋಡಲಿಲ್ಲ. ನಾನು ಎದ್ದು ನಿಂತೆ. "ನಾ ಹಾಕೇನ್ರಿ ಸರ್. ಅಕ್ಕಾರು ಆ ಪಟ್ಟಿ ನೋಡೇ ಇಲ್ಲರಿ."

ಸಾಹೇಬರು ನನ್ನನ್ನು ಹಿಗ್ಗಾಮುಗ್ಗಾ ಬೈದರು. ಆಮೇಲೆ ಜಯಕ್ಕ ತಂದಿದ್ದ ವರ್ಗಾವಣೆ ಆದೇಶವನ್ನು ಎರಡು ಸಲ ಓದಿ, ನೌಕರರನ್ನು ಕೇಳದೆ ಕೆಳಗಿಳಿಸಿದ್ದು ಊರ್ಜಿತವಲ್ಲ, ಒಂಬತ್ತನೇ ಕ್ರಮಸಂಖ್ಯೆ ಮರಳಿ ಕೊಡತಕ್ಕದ್ದು ಎಂದು ಅಲ್ಲೇ ಬರೆಸಿದರು. ನನಗೆ ಕಾರಣ ಕೇಳಿ ನೋಟಿಸು.

ಹೊರಗೆ ಬಂದು ಅವರ ಕೈ ಹಿಡಿದುಕೊಂಡೆ. "ಜಯಕ್ಕಾ, ಈಗರ ನಿಮಗ ಖರೇ ಗೊತ್ತಾತಲ್ರಿ. ತಪ್ಪಾತ್ರಿ."

ಅವರು ಮೆಲ್ಲಗೆ ಕೈ ಬಿಡಿಸಿಕೊಂಡರು.

"ಈಗಲ್ಲ ಕ್ಯಾಥರೀನ್. ಜೆರಾಕ್ಸ್ ಬಂದ ದಿನಾನ ಗೊತ್ತಾತು. ನಿನ್ನ ಅಕ್ಷರ ತಿದ್ದಿದಾಕಿ ನಾ ಅಲ್ಲೇನು? ಇವತ್ತ ಹೇಳ್ತಿ, ನಾಳಿ ಹೇಳ್ತಿ ಅಂತ ಎರಡು ತಿಂಗಳು ನಿನ್ನ ಬಾಜೂಕ ಕುಂತು ರೊಟ್ಟಿ ತಿಂದೆ."