ಮದ್ದಿನ ಮನೆಯ ಪಕ್ಕೀರಪ್ಪ

ಸಂಡೂರಿನ ಗುಡ್ಡದ ಮೇಲಿನ ಒಂದು ಅದಿರಿನ ಗಣಿಯಲ್ಲಿ ಗಾದಿಗನೂರಿನ ಪಕ್ಕೀರಪ್ಪ ಮದ್ದಿನ ಮನೆ ಕಾಯುತ್ತಿದ್ದ. ಬಂಡೆ ಸಿಡಿಸುವ ಮದ್ದು, ಅದನ್ನು ಹೊತ್ತಿಸುವ ಕ್ಯಾಪು, ಬತ್ತಿ ಎಲ್ಲದಕ್ಕೂ ಬೀಗ ಅವನದೇ. ಹದಿನೈದು ವರ್ಷ ಮಿಲಿಟರಿಯಲ್ಲಿ ನೆಲಬಾಂಬು ಹುಡುಕಿ ತೆಗೆಯುವ ಕೆಲಸ ಮಾಡಿ, ತೊಂಬತ್ತರಲ್ಲಿ ಪಿಂಚಣಿ ತೆಗೆದುಕೊಂಡು ಬಂದವನು ಎಂದು ಗಣಿಯವರು ಕರೆದು ಕೆಲಸ ಕೊಟ್ಟಿದ್ದರು.

ಅವನ ನಡೆಯೇ ಬೇರೆ. ಹೊಸ ದಾರಿ ತುಳಿಯುತ್ತಿರಲಿಲ್ಲ. ಮುಂದೆ ಹೋದವರ ಹೆಜ್ಜೆ ಗುರುತಿನ ಮೇಲೆಯೇ ಕಾಲಿಡುತ್ತಿದ್ದ. ಯಾರಾದರೂ ಚಹಾ ಕೊಟ್ಟರೆ, ಕೊಟ್ಟವರು ಒಂದು ಗುಟುಕು ಕುಡಿಯುವವರೆಗೆ ಮುಟ್ಟುತ್ತಿರಲಿಲ್ಲ. ಹೆಂಡತಿ ಉಚ್ಚೆಂಗಮ್ಮ ಮೊದಮೊದಲು ನಕ್ಕಳು, ಆಮೇಲೆ ನಗುವುದನ್ನು ಬಿಟ್ಟಳು.

ಶ್ರೀಲಂಕಾದಲ್ಲಿ ಸರಕಾರಕ್ಕೂ ತಮಿಳು ಹುಡುಗರ ಪಡೆಗೂ ವರ್ಷಗಟ್ಟಲೆ ನಡೆದಿದ್ದ ಕಾಳಗ ನಿಲ್ಲಿಸಲೆಂದು ಎಂಬತ್ತೇಳರಲ್ಲಿ ನಮ್ಮ ಸೈನ್ಯ ಸಮುದ್ರ ದಾಟಿತ್ತು. ಪಕ್ಕೀರಪ್ಪನೂ ಹೋಗಿದ್ದ. ಮೊದಲು ಜನ ಹೂವಿನ ಹಾರ ಹಾಕಿದರು. ದಸರೆಯ ಹೊತ್ತಿಗೆ ಅದೇ ಓಣಿಗಳಿಂದ ಗುಂಡು ಬರತೊಡಗಿದವು. ಒಂದು ಮುಂಜಾನೆ ಜಾಫ್ನಾದ ಹೊರಗೆ, ಅವನೂ ಜೊತೆಯ ಸಿಪಾಯಿ ಕಂಪ್ಲಿಯ ಜಂಬಯ್ಯನೂ ತಾಳೆಮರಗಳ ನಡುವಿನ ಸಂದಿಯ ಬಾಯಲ್ಲಿ ನಿಂತು, ಬಾಗಿಲಲ್ಲಿ ಕುಳಿತಿದ್ದ ಮುದುಕಿಯನ್ನು ಈ ದಾರಿಯಲ್ಲಿ ಹೋಗಬಹುದೇ ಎಂದು ಕೇಳಿದರು. ಆಕೆ 'ಓಂ' ಅಂದಳು. ಅಲ್ಲಿಯ ತಮಿಳಿನಲ್ಲಿ ಹೌದು ಎನ್ನಲು ಓಂ ಎನ್ನುತ್ತಾರೆ. ಜಂಬಯ್ಯ ಮುಂದೆ ಹೋದ. ಹತ್ತು ಮಾರು ದಾಟುವುದರೊಳಗೆ ನೆಲ ಸಿಡಿಯಿತು.

ಮುದುಕಿಗೆ ಗೊತ್ತಿತ್ತೋ, ಇಲ್ಲವೋ? ಬಂದೂಕು ಹಿಡಿದವರು ಏನು ಕೇಳಿದರೂ ಹೌದು ಎನ್ನುವ ಹೆದರಿಕೆಯೋ? ಪಕ್ಕೀರಪ್ಪನಿಗೆ ಅದು ಇಂದಿಗೂ ಬಗೆಹರಿದಿಲ್ಲ.

ತೊಂಬತ್ತೊಂದರ ಸಂಕ್ರಾಂತಿಯ ಸುಮಾರಿಗೆ ಪೂಮಣಿ ಎಂಬ ನಡುವಯಸ್ಸಿನ ಹೆಂಗಸು ಗಣಿಯ ಕೂಲಿಗಳ ಜೋಪಡಿಗಳ ಬಳಿ ಇಡ್ಲಿ ಮಾರಲು ಕುಳಿತಳು. ಸೇಲಂ ಕಡೆಯವಳು, ಗಂಡ ಸತ್ತಿದ್ದಾನೆ ಎಂದು ಹೇಳಿಕೊಂಡಿದ್ದಳು. ಒಂದು ದಿನ ಯಾರೋ ತಮಿಳಿನಲ್ಲಿ ಚಟ್ನಿ ಇದೆಯೇ ಎಂದು ಕೇಳಿದಾಗ ಅವಳು 'ಓಂ' ಅಂದಳು. ಪಕ್ಕೀರಪ್ಪನ ಕೈಯಲ್ಲಿದ್ದ ಇಡ್ಲಿ ಕೈಯಲ್ಲೇ ಉಳಿಯಿತು.

ಅಂದಿನಿಂದ ಅವಳ ಮೇಲೆ ಕಣ್ಣಿಟ್ಟ. ಅವಳಿಗೆ ಕಾಗದ ಬರುತ್ತಿರಲಿಲ್ಲ. ನೆಂಟರು ಬರುತ್ತಿರಲಿಲ್ಲ. ಅದೂ ಅನುಮಾನವೇ. ನೀರಿಗೆ ಹೋಗುವಾಗ ಮದ್ದಿನ ಮನೆಯ ಬೇಲಿ ಹಿಡಿದು ಯಾಕೆ ಹೋಗುತ್ತಾಳೆ? ನೀರಿನ ದಾರಿ ಅದೊಂದೇ ಎಂಬುದು ಅವನಿಗೂ ಗೊತ್ತಿತ್ತು. ಆದರೂ ಬೀಗಕ್ಕೆ ಇನ್ನೊಂದು ಬೀಗ ಹಾಕಿದ.

ಮೇ ತಿಂಗಳಲ್ಲಿ ಮದ್ರಾಸಿನ ಹತ್ತಿರ ಚುನಾವಣೆಯ ಸಭೆಯೊಂದರಲ್ಲಿ ಬಾಂಬು ಸಿಡಿದು ದೇಶವೇ ನಡುಗಿತು. ಅದು ಶ್ರೀಲಂಕಾದ ಆ ತಮಿಳು ಪಡೆಯದೇ ಕೆಲಸವೆಂದು, ಪೊಲೀಸರು ಅಲ್ಲಿಂದ ಬಂದವರನ್ನು ಹುಡುಕುತ್ತ ಗಣಿಯಿಂದ ಗಣಿಗೆ ಹೋಗಿ ವಿಚಾರಿಸುತ್ತಿದ್ದಾರೆಂಬ ಸುದ್ದಿ ಬಂತು. ಅವತ್ತು ಸಂಜೆ ಪಕ್ಕೀರಪ್ಪ ಪೂಮಣಿಯ ಮುಂದೆ ನಿಂತು, ನೀನು ಸೇಲಂನವಳಲ್ಲ ಎಂದ.

ಅವಳು ಪಾತ್ರೆ ತಿಕ್ಕುವುದನ್ನು ನಿಲ್ಲಿಸಲಿಲ್ಲ. ಕೂಲಿಗಳಿಂದ ಕಲಿತ ಕನ್ನಡದಲ್ಲಿ, "ನೀವು ಮಿಲ್ಟ್ರಿಯವರು ಅಂತ ನನಗ ಮೊದಲ ದಿನಾನೇ ಗೊತ್ತಾತ್ರಿ. ಬ್ಯಾರೇವ್ರ ಹೆಜ್ಜಿ ಮ್ಯಾಲೆ ಹೆಜ್ಜಿ ಇಡ್ತೀರಿ. ನಮ್ಮೂರಾಗ ನಿಮ್ಮೋರು ಹಂಗ ನಡೀತಿದ್ರು," ಅಂದಳು.

ಆಮೇಲೆ ಕೇಳದೆಯೇ ಹೇಳಿದಳು. ಗಂಡ ಪೇಟೆಗೆ ಹೋದವನು ಬರಲಿಲ್ಲ. ದೋಣಿಯಲ್ಲಿ ಸಮುದ್ರ ದಾಟಿ ಬಂದು ನಿರಾಶ್ರಿತರ ಕ್ಯಾಂಪಿನಲ್ಲಿ ಎರಡು ವರ್ಷ ಇದ್ದಳು. ದುಡಿಯದೆ ಕುಳಿತಿರಲಾರದೆ, ಯಾರಿಗೂ ಹೇಳದೆ ಹೊರಟು ಬಂದಳು. ಗಂಡನನ್ನು ಕೊಂದವರು ಯಾರೆಂದು ಅವಳು ಹೇಳಲಿಲ್ಲ. ಅವನೂ ಕೇಳಲಿಲ್ಲ. ನಂಬಿದೆನೆಂದಾಗಲಿ ಇಲ್ಲವೆಂದಾಗಲಿ ಏನೂ ಅನ್ನದೆ ಹೊರಟುಹೋದ.

ಮರುದಿನವೇ ಜೀಪು ಬಂತು. ಮಾಜಿ ಸೈನಿಕನೆಂದು ಇನ್‌ಸ್ಪೆಕ್ಟರ್ ಅವನನ್ನೇ ಬದಿಗೆ ಕರೆದು, ಇಡ್ಲಿ ಅಂಗಡಿಯತ್ತ ಕೈ ತೋರಿಸಿ ಅವಳು ಯಾರೆಂದು ಕೇಳಿದರು. ಪಕ್ಕೀರಪ್ಪ ಅತ್ತ ನೋಡಿದ. ಸುಳ್ಳು ಹೇಳಿ ಇವಳೇನಾದರೂ ಅಂಥವಳೇ ಆಗಿದ್ದರೆ? ನಿಜ ಹೇಳಿ ಆಗಿರದಿದ್ದರೆ?

"ಸೇಲಂನಾಕಿ ಸಾಹೇಬ್ರ. ನನಗ ಗೊತ್ತೈತ್ರಿ," ಅಂದ.

ಜೀಪು ಹೋಯಿತು. ಪೂಮಣಿ ಒಲೆಯ ಪಕ್ಕದಲ್ಲಿ ನಿಂತು ಇತ್ತಲೇ ನೋಡುತ್ತಿದ್ದಳು. ಅವಳ ಬಳಿ ಹೋಗಲು ಅವನಿಗೆ ಮನಸ್ಸಾಗಲಿಲ್ಲ. ಆಡಿದ ಸುಳ್ಳಿಗೆ ತನ್ನ ಮೇಲೆಯೇ ಸಿಟ್ಟು ಬಂದು ನೇರ ಕೆಲಸಕ್ಕೆ ಹೋದ.

ಬೆಳಗಾದಾಗ ಒಲೆ ತಣ್ಣಗಿತ್ತು. ಪೂಮಣಿ ಇರಲಿಲ್ಲ, ಅವಳ ತಗಡಿನ ಪೆಟ್ಟಿಗೆಯೂ ಇರಲಿಲ್ಲ. ಪಕ್ಕೀರಪ್ಪ ಮದ್ದಿನ ಮನೆಗೆ ಓಡಿದ. ಮೇಸ್ತ್ರಿ ಗುಡ್ಡಪ್ಪ ಬಾಗಿಲಲ್ಲಿ ನಿಂತು ಬ್ಲಾಸ್ಟಿಂಗಿಗೆ ಹೊತ್ತಾಯಿತೆಂದು ಕೂಗುತ್ತಿದ್ದರೂ ಒಂದೊಂದೇ ಪೆಟ್ಟಿಗೆ ಬಿಚ್ಚಿ ನೋಡಿದ. ಮಧ್ಯಾಹ್ನದವರೆಗೂ ನೋಡಿದ. ಒಂದು ಕ್ಯಾಪೂ ಕಡಿಮೆಯಾಗಿರಲಿಲ್ಲ. ಆ ಖಾಲಿ ಒಲೆಯ ಮುಂದೆ ಬಂದು ಕುಳಿತಾಗ ಅವನಿಗೆ ನಾಚಿಕೆಯಾಯಿತು.

ಆ ವಾರ ಹೊಸಪೇಟೆ ರೈಲು ಸ್ಟೇಷನ್ನಿಗೂ ಹೋಗಿ ವಿಚಾರಿಸಿದ. ತಗಡಿನ ಪೆಟ್ಟಿಗೆ ಹಿಡಿದ ಹೆಂಗಸೊಬ್ಬಳು ಗುಂತಕಲ್ ಗಾಡಿ ಹತ್ತಿದಳೆಂದು ಒಬ್ಬ ಹಮಾಲಿ ಹೇಳಿದ. ಅಷ್ಟೇ ತಿಳಿದದ್ದು.

ಇದನ್ನೆಲ್ಲ ಅವನು ಉಚ್ಚೆಂಗಮ್ಮನಿಗೆ ಹೇಳಿದ್ದು ವರ್ಷವಾದ ಮೇಲೆ, ಶೇಂಗಾ ಬಿಡಿಸುತ್ತ ಕುಳಿತಾಗ. ಆಕೆ ಪೂರ್ತಿ ಕೇಳಿ, "ಪೋಲಿಸ್ರಿಗೆ ಸುಳ್ಳು ಹೇಳಿ ಉಳಿಸಿದ್ದನ್ನ ಆಕಿಗೆ ಹೇಳಿದ್ರೇನು?" ಎಂದು ಕೇಳಿದಳು.

ಇಲ್ಲ ಎಂದ ಪಕ್ಕೀರಪ್ಪ.

"ಮತ್ತ ಆಕಿ ನಿಮ್ಮನ್ನ ಹೆಂಗ ನಂಬಬೇಕ್ರಿ?" ಅಂದಳು ಉಚ್ಚೆಂಗಮ್ಮ.